ಚಾ ಬೇರೆ, ಚಾಯ್ ಬೇರೆ: ಹನೋಯ್ ಬೀದಿ ತಿಂಡಿ ಬಗ್ಗೆ ನಿಮ್ಮ ಪ್ರಶ್ನೆಗಳು

ಕಳೆದ ಸಂಚಿಕೆಯಲ್ಲಿ, ವಿಯೆಟ್ನಾಂನ ಹನೋಯ್‌ಗೆ ಹೋಗಿದ್ದೆವು, ಒಂದು ಸಂಜೆ ಗೈಡ್ ಜೊತೆ ಬೀದಿ ತಿಂಡಿ ತಿನ್ನುತ್ತಾ ಸುತ್ತಿದೆವು ಅಂತ ಎರಡೇ ಸಾಲು ಬರೆದಿದ್ದೆ. ಬರೆದದ್ದೇ ತಪ್ಪಾಯ್ತು ನೋಡಿ. ಈ ತಿಂಗಳು ಬಂದ ಪತ್ರಗಳಲ್ಲಿ ಮುಕ್ಕಾಲು ಪಾಲು ಅದರದ್ದೇ. ಹಾಗಾಗಿ ಈ ಸಲದ ಅಂಕಣ ಪೂರ್ತಿ ಹನೋಯ್‌ಗೆ. ಹೆಸರು ಬಿಟ್ಟು ಊರು ಮಾತ್ರ ಹಾಕಿದ್ದೇನೆ. ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ನಾನು ಕುಂದಾಪುರದವಳು, ಮೀನಿಲ್ಲದಿದ್ದರೆ ಊಟ ಗಂಟಲಲ್ಲಿ ಇಳಿಯುವುದಿಲ್ಲ. ನನ್ನ ಗಂಡ ತೀರ್ಥಹಳ್ಳಿ ಕಡೆಯವರು, ಮೊಟ್ಟೆ ಕೂಡ ಮುಟ್ಟುವುದಿಲ್ಲ. ಆದ್ದರಿಂದ ಎರಡೂ ಪಂಗಡದವರ ಕಷ್ಟಸುಖ ನನಗೆ ಚೆನ್ನಾಗಿ ಗೊತ್ತು.

ಪ್ರಶ್ನೆ: ಮೇಡಂ, ಬೀದಿಯಲ್ಲಿ ನಿಂತು ತಿನ್ನುವುದಕ್ಕೂ ಟ್ಯೂಷನ್ ಬೇಕಾ? ಒಬ್ಬೊಬ್ಬರಿಗೆ 25–30 ಡಾಲರ್ ಕೇಳ್ತಿದ್ದಾರೆ. ಯೂಟ್ಯೂಬ್ ನೋಡಿಕೊಂಡು ನಾವೇ ಹೋದರೆ ಆಗಲ್ವಾ? — ದಾವಣಗೆರೆ

ಉತ್ತರ: ಆಗುತ್ತೆ. ಯಾರೂ ತಡೆಯುವುದಿಲ್ಲ. ಆದರೆ ನಿಮ್ಮೂರಿಗೆ ಹೊಸದಾಗಿ ಬಂದವರು ಬೆಣ್ಣೆ ದೋಸೆ ಎಲ್ಲಿ ತಿನ್ನಬೇಕು ಅಂತ ಯೂಟ್ಯೂಬ್ ನೋಡಿ ಹೋದರೆ ನೀವು ಒಳಗೊಳಗೇ ನಗುತ್ತೀರಲ್ವಾ, ಅಲ್ಲೂ ಹಾಗೇ.

ನಾವೂ ಮೊದಲ ಸಂಜೆ ಧೈರ್ಯ ಮಾಡಿ ನಾವೇ ಹೊರಟೆವು. ಹನೋಯ್‌ನ ಹಳೇ ಪೇಟೆ ಹೇಗಿದೆ ಅಂದರೆ, ಫುಟ್‌ಪಾತ್ ಪೂರ್ತಿ ಸ್ಕೂಟರ್, ಸ್ಕೂಟರಿನ ಸಂದಿಯಲ್ಲಿ ಒಲೆ, ಒಲೆಯ ಸುತ್ತ ನಮ್ಮ ಬಚ್ಚಲುಮನೆ ಸ್ಟೂಲಿನಷ್ಟು ಎತ್ತರದ ಪ್ಲಾಸ್ಟಿಕ್ ಸ್ಟೂಲು, ಅದರ ಮೇಲೆ ಆಫೀಸ್ ಮುಗಿಸಿ ಬಂದವರು ಮೊಣಕಾಲು ಎದೆಗೆ ತಾಗಿಸಿಕೊಂಡು ಕೂತು ತಿನ್ನುತ್ತಿರುತ್ತಾರೆ. ನಾವು ಎರಡು ಗಂಟೆ ಸುತ್ತಿದೆವು. ಎಲ್ಲಾ ಕಡೆ ಆವಿ, ಎಲ್ಲಾ ಕಡೆ ಘಮ, ಯಾವುದೂ ಏನು ಅಂತ ಗೊತ್ತಾಗಲಿಲ್ಲ. ಕೇಳೋಣ ಅಂದರೆ ಭಾಷೆ ಬಾರದು. ಕೊನೆಗೆ ಸುಸ್ತಾಗಿ, ಫೋಟೋ ಇರುವ ಮೆನು ಹಿಡಿದುಕೊಂಡು ಕರೆಯುತ್ತಿದ್ದ ಒಂದು ಜಾಗಕ್ಕೆ ನುಗ್ಗಿ ಫ್ರೈಡ್ ರೈಸ್ ತಿಂದು ಬಂದೆವು. ಹನೋಯ್‌ಗೆ ಹೋಗಿ ಫ್ರೈಡ್ ರೈಸ್! ಅದನ್ನು ಗಾಂಧಿ ಬಜಾರಿನಲ್ಲೇ ತಿನ್ನಬಹುದಿತ್ತು.

ಮಾರನೇ ಸಂಜೆ ಗೈಡ್ ತೆಗೆದುಕೊಂಡೆವು. ಕಾಲೇಜು ಮುಗಿಸಿ ಒಂದೆರಡು ವರ್ಷವಾಗಿರಬಹುದಾದ ಹುಡುಗಿ. ನಾವು ಒಟ್ಟು ಆರು ಜನ. ಐದೂವರೆಗೆ ಶುರು, ಒಂಬತ್ತಕ್ಕೆ ಮುಗಿಯಿತು. ಏಳು ಕಡೆ ನಿಂತೆವು, ತಿಂದದ್ದೆಲ್ಲ ಆ ದುಡ್ಡಿನಲ್ಲೇ ಸೇರಿತ್ತು. ಅಷ್ಟನ್ನೇ ನಾವೇ ಕೊಂಡು ತಿಂದಿದ್ದರೆ ಮೂರನೇ ಒಂದು ಭಾಗಕ್ಕೆ ಆಗುತ್ತಿತ್ತು, ನಿಜ. ಉಳಿದ ದುಡ್ಡು ಹೋದದ್ದು ತಿಂಡಿಗಲ್ಲ, ಆ ಹುಡುಗಿ ಕಲಿಸಿದ್ದಕ್ಕೆ.

ಅಲ್ಲಿನ ಒಳ್ಳೇ ಅಂಗಡಿಗಳು ಬಹುಪಾಲು ಒಂದೇ ತಿಂಡಿ ಮಾಡುತ್ತವೆ. ಅಪ್ಪ ಮಾಡಿದ್ದು, ಮಗಳು ಮಾಡುತ್ತಿರುವುದು, ಅದೊಂದೇ. ಬೋರ್ಡಿನಲ್ಲಿ ತಿಂಡಿಯ ಹೆಸರು, ಮನೆ ನಂಬರು, ಅಷ್ಟೇ. ಇನ್ನು ಅದೇ ಜಾಗದಲ್ಲಿ ಬೆಳಗ್ಗೆ ಒಬ್ಬರು ಫೋ ಮಾರಿದರೆ ಮಧ್ಯಾಹ್ನ ಬೇರೆಯವರು ಬಂದು ಬೇರೇನೋ ಮಾರುತ್ತಾರೆ. ಫೋ ಅಂದರೆ ದನದ ಮಾಂಸ ಅಥವಾ ಕೋಳಿಯ ಸಾರಿನಲ್ಲಿ ಚಪ್ಪಟೆ ಅಕ್ಕಿ ನೂಡಲ್ಸ್. ಅದರ ಸಾರಿಗೆ ಬೀಳುವ ಚಕ್ರಮೊಗ್ಗು ನಮ್ಮ ಬಿರಿಯಾನಿಗೆ ಬೀಳುವುದೇ. ನಮ್ಮಲ್ಲಿಗೆ ಅದು ಬರುವುದೂ ಬಹಳಷ್ಟು ವಿಯೆಟ್ನಾಂನಿಂದಲೇ. ಬುನ್ ಚಾ ಅಂತ ಇನ್ನೊಂದು. ಕೆಂಡದ ಮೇಲೆ ಸುಟ್ಟ ಹಂದಿ ಮಾಂಸವನ್ನು ಹುಳಿ-ಸಿಹಿ ಮೀನಿನ ರಸದಲ್ಲಿ ಅದ್ದಿ ಶಾವಿಗೆ ಜೊತೆ ತಿನ್ನುವುದು. 2016ರ ಮೇ ತಿಂಗಳಲ್ಲಿ ಒಬಾಮಾ ಅಧ್ಯಕ್ಷರಾಗಿದ್ದಾಗಲೇ ಬಾಣಸಿಗ ಆಂಥೊನಿ ಬೋರ್ಡೇನ್ ಜೊತೆ ಪ್ಲಾಸ್ಟಿಕ್ ಸ್ಟೂಲಿನ ಮೇಲೆ ಕೂತು ತಿಂದದ್ದು ಇದನ್ನೇ. ಇಬ್ಬರದ್ದೂ ಸೇರಿ ಬಿಲ್ಲು 6 ಡಾಲರ್. ಆ ಮೇಜನ್ನು ಈಗ ಗಾಜಿನ ಪೆಟ್ಟಿಗೆಯಲ್ಲಿ ಮುಚ್ಚಿಟ್ಟಿದ್ದಾರೆ, ಅದನ್ನು ನೋಡಲಿಕ್ಕೇ ಜನ ಹೋಗುತ್ತಾರೆ. ನಾನು ಹೋಗಲಿಲ್ಲ. ಬುನ್ ಚಾ ನಿಜಕ್ಕೂ ಮಧ್ಯಾಹ್ನದ ಊಟ, ಸಂಜೆ ಟೂರಿನಲ್ಲಿ ಕೊಡುವುದು ನಮ್ಮಂಥವರಿಗಾಗಿ. ಇದನ್ನೂ ಆ ಹುಡುಗಿಯೇ ಹೇಳಿದ್ದು.

ಬೀದಿ ಹೆಸರು ಓದುವುದನ್ನೂ ಅವಳೇ ಕಲಿಸಿದಳು. ಹಳೇ ಪೇಟೆಯ ಬಹಳಷ್ಟು ಬೀದಿಗಳ ಹೆಸರು "ಹಾಂಗ್" ಅಂತ ಶುರುವಾಗುತ್ತವೆ. ಹಾಂಗ್ ಅಂದರೆ ಸರಕು. ಹಾಂಗ್ ಬಾಕ್ ಬೆಳ್ಳಿಯ ಬೀದಿ, ಹಾಂಗ್ ದುವಾಂಗ್ ಸಕ್ಕರೆಯದ್ದು, ಹಾಂಗ್ ಮಾಮ್ ಮೀನಿನ ರಸದ್ದು. ಬೆಂಗಳೂರಿನ ಅಕ್ಕಿಪೇಟೆ, ಬಳೇಪೇಟೆ, ಅರಳೆಪೇಟೆ ನೆನಪಾಯ್ತು. ಈಗ ಅರಳೆಪೇಟೆಯಲ್ಲಿ ಅರಳೆ ಎಷ್ಟಿದೆಯೋ ಅಲ್ಲಿನ ಬೀದಿಗಳಲ್ಲೂ ಹಳೇ ಸರಕು ಅಷ್ಟೇ ಇದೆ, ಅದು ಬೇರೆ ಮಾತು.

ಅದಕ್ಕೇ ಹೇಳುವುದು, ಗೈಡ್ ತೆಗೆದುಕೊಳ್ಳುವುದಾದರೆ ಮೊದಲ ಸಂಜೆಯೇ ತೆಗೆದುಕೊಳ್ಳಿ. ಬಹಳ ಜನ ಕೊನೇ ದಿನಕ್ಕೆ ಇಟ್ಟುಕೊಳ್ಳುತ್ತಾರೆ, ಸುಮ್ನೆ ದಂಡ. ನಾವು ಆಮೇಲಿನ ನಾಲ್ಕು ದಿನ ಯಾರ ಸಹಾಯವೂ ಇಲ್ಲದೆ ತಿಂದೆವು. ಬುಕ್ ಮಾಡುವ ಮುಂಚೆ ಗುಂಪಿನಲ್ಲಿ ಎಷ್ಟು ಜನ, ಊಟದ ದುಡ್ಡು ಸೇರಿದೆಯಾ ಅಂತ ಬರಹದಲ್ಲೇ ಕೇಳಿಕೊಳ್ಳಿ. ಹನ್ನೆರಡು ಜನಕ್ಕಿಂತ ಜಾಸ್ತಿ ಅಂದರೆ ಬೇಡ, ಅಷ್ಟು ಜನ ಯಾವ ಫುಟ್‌ಪಾತಿನಲ್ಲೂ ಕೂರಲಾಗುವುದಿಲ್ಲ. ದುಡ್ಡೇ ತೊಂದರೆ ಅಂದರೆ, ಇಂಗ್ಲಿಷ್ ರೂಢಿಯಾಗಲಿ ಅಂತ ಕಾಲೇಜು ಹುಡುಗ ಹುಡುಗಿಯರು ಪುಕ್ಕಟೆ ಸುತ್ತಿಸುವುದೂ ಉಂಟು. ತಿಂಡಿ ಖರ್ಚು, ಓಡಾಟದ ಖರ್ಚು ನಿಮ್ಮದು. ಮೊದಲೇ ಬರೆದು ದಿನ ಗೊತ್ತು ಮಾಡಿಕೊಳ್ಳಬೇಕು.

ಮಧ್ಯಾಹ್ನ ಕಡಿಮೆ ತಿನ್ನಿ. ಮೂರನೇ ಅಂಗಡಿಯಲ್ಲೇ ಹೊಟ್ಟೆ ತುಂಬಿದ ಒಬ್ಬರು ನಮ್ಮ ಗುಂಪಿನಲ್ಲಿದ್ದರು. ಉಳಿದ ನಾಲ್ಕು ಕಡೆ ಅವರು ಬರೀ ಫೋಟೋಗ್ರಾಫರ್.

ಪ್ರಶ್ನೆ: ನಮ್ಮ ಅತ್ತೆಯವರಿಗೆ 66 ವರ್ಷ. ಈರುಳ್ಳಿ ಬೆಳ್ಳುಳ್ಳಿಯನ್ನೂ ತಿನ್ನುವುದಿಲ್ಲ. ಅವರನ್ನು ಕರೆದುಕೊಂಡು ಹೋದರೆ ಪಾಪ ನಾಲ್ಕು ಗಂಟೆ ನಮ್ಮ ಬಾಯಿ ನೋಡಿಕೊಂಡು ಕೂರಬೇಕಾಗುತ್ತಾ? — ಉಡುಪಿ

ಉತ್ತರ: ಇಲ್ಲ. ಆದರೆ ನೀವು ಸ್ವಲ್ಪ ಮೈಯೆಲ್ಲಾ ಕಣ್ಣಾಗಿರಬೇಕು.

ಮೊದಲು ಒಂದು ಪದ ಕಲಿಯಿರಿ. ಸಸ್ಯಾಹಾರಕ್ಕೆ ಅಲ್ಲಿ "ಚಾಯ್" ಅನ್ನುತ್ತಾರೆ. ನಗಬೇಡಿ, ನಿಜ. ಕುಡಿಯುವ ಚಹಾಕ್ಕೆ ಹನೋಯ್‌ನವರು "ಚಾ" ಅನ್ನುತ್ತಾರೆ. ಹಾಗಾದರೆ ಬುನ್ ಚಾದಲ್ಲಿರುವ "ಚಾ"? ಅದು ಸುಟ್ಟ ಮಾಂಸ! ಎರಡು "ಚಾ"ಗೂ ವ್ಯತ್ಯಾಸ ಬರೀ ದನಿಯ ಏರಿಳಿತದಲ್ಲಿ. "ಚಾಯ್" ಅನ್ನುವುದನ್ನೂ ಸಮದನಿಯಲ್ಲಿ ಹೇಳಬೇಕು. ದನಿ ಏರಿಸಿದರೆ "ಸುಟ್ಟುಹೋದ" ಅಂತಾಗುತ್ತೆ, ಗಂಟಲಲ್ಲಿ ತಟ್ಟನೆ ಇಳಿಸಿ ನಿಲ್ಲಿಸಿದರೆ "ಓಡು" ಅಂತಾಗುತ್ತೆ. ನನ್ನ ಗಂಡ ಒಂದು ಅಂಗಡಿಯಲ್ಲಿ ಬಹಳ ಶ್ರದ್ಧೆಯಿಂದ "ತೊಯ್ ಅನ್ ಚಾಯ್", ಅಂದರೆ ನಾನು ಸಸ್ಯಾಹಾರಿ, ಅಂತ ಮೂರು ಸಲ ಮೂರು ರಾಗದಲ್ಲಿ ಹೇಳಿದರು. ಅಂಗಡಿಯಮ್ಮ ಸೌಟು ಹಿಡಿದುಕೊಂಡೇ ಸುಮ್ಮನೆ ನೋಡುತ್ತಾ ನಿಂತರು. ಬಾಯಲ್ಲಿ ಹೇಳುವುದನ್ನು ನಂಬಿಕೊಳ್ಳಬೇಡಿ. ಹೋಟೆಲಿನ ರಿಸೆಪ್ಷನ್‌ನಲ್ಲಿ ವಿಯೆಟ್ನಾಮೀಸ್‌ನಲ್ಲಿ ಚೀಟಿ ಬರೆಸಿಕೊಳ್ಳಿ: ಮಾಂಸ, ಮೀನು, ಮೊಟ್ಟೆ, ಮೀನಿನ ರಸ, ಎಲುಬಿನ ಸಾರು, ಹಂದಿ ಕೊಬ್ಬು, ಈರುಳ್ಳಿ, ಬೆಳ್ಳುಳ್ಳಿ ಯಾವುದೂ ಬೇಡ ಅಂತ. ಒಂದೊಂದನ್ನೂ ಹೆಸರು ಹಿಡಿದು ಬರೆಸಬೇಕು. ಯಾಕೆ ಅಂತ ಹೇಳುತ್ತೇನೆ.

ನಾವು ಮಧ್ಯಾಹ್ನ ಒಂದು ಕಡೆ ಹೋಗಿ "ಮಾಂಸ ಬೇಡ" ಅಂದೆವು. ಹೂಂ ಹೂಂ ಅಂತ ತಲೆಯಾಡಿಸಿ ತೋಫು ಹಾಕಿದ ನೂಡಲ್ಸ್ ಬಟ್ಟಲು ತಂದಿಟ್ಟರು. ನೋಡಲಿಕ್ಕೆ ಒಂದು ಚೂರು ಮಾಂಸ ಇಲ್ಲ. ಇವರು ಅರ್ಧ ಬಟ್ಟಲು ಕುಡಿದು, ಸಾರು ಚೆನ್ನಾಗಿದೆ ಕಣೇ ಅಂದರು. ನಾನು ಒಂದು ಚಮಚ ಬಾಯಿಗೆ ಹಾಕಿದೆ. ಮೀನು ತಿನ್ನುವ ನಾಲಿಗೆ ನನ್ನದು, ತಕ್ಷಣ ಗೊತ್ತಾಯ್ತು. ಎಲುಬು ಬೇಯಿಸಿದ ಸಾರು, ಮೇಲೆ ಮೀನಿನ ರಸ. ಅಂಗಡಿಯವರದ್ದು ಮೋಸ ಅಲ್ಲ. ತುಂಡು ಇಲ್ಲ ಅಂದಮೇಲೆ ಮಾಂಸ ಇಲ್ಲ, ಅವರ ಲೆಕ್ಕ ಅದು. ಇವರು ಮಾತ್ರ ಆ ರಾತ್ರಿಯವರೆಗೂ ಸರಿಯಾಗಿ ಮಾತಾಡಲಿಲ್ಲ.

ಇನ್ನು ಒಳ್ಳೇ ಸುದ್ದಿ. ಅಲ್ಲಿ ಬೌದ್ಧರಾಗಿ ನಡೆದುಕೊಳ್ಳುವವರು ಬಹಳ ಜನ ಚಾಂದ್ರಮಾನ ತಿಂಗಳ 1 ಮತ್ತು 15ನೇ ದಿನ ಮಾಂಸ ಬಿಡುತ್ತಾರೆ. ನಮ್ಮ ಅಮಾವಾಸ್ಯೆ, ಹುಣ್ಣಿಮೆಯ ಆಸುಪಾಸು ಅಂತಿಟ್ಟುಕೊಳ್ಳಿ. ಆ ದಿನಗಳಲ್ಲಿ ಬೇರೆ ದಿನಕ್ಕಿಂತ ಜಾಸ್ತಿ ಕಡೆ ಚಾಯ್ ಊಟ ಸಿಗುತ್ತೆ. ಪಂಚಾಂಗ ನೋಡಿ ಟಿಕೆಟ್ ಮಾಡಿಸಿದರೆ ಅತ್ತೆಯವರಿಗೂ ಖುಷಿಯಾದೀತು. ಕಟ್ಟುನಿಟ್ಟಿನ ಬೌದ್ಧರ ಅಡುಗೆಯಲ್ಲಿ ಈರುಳ್ಳಿ ಬೆಳ್ಳುಳ್ಳಿಯೂ ವರ್ಜ್ಯ. ಎಲ್ಲಾ ಚಾಯ್ ಹೋಟೆಲಿನವರೂ ಅದನ್ನು ಪಾಲಿಸುವುದಿಲ್ಲ, ಆದರೆ ಕೇಳಿದರೆ ಅವರಿಗೆ ವಿಚಿತ್ರ ಅನ್ನಿಸುವುದಿಲ್ಲ. ಬೇರೆ ಎಷ್ಟೋ ದೇಶಗಳಲ್ಲಿ ಈ ಮಾತು ಅರ್ಥ ಮಾಡಿಸುವುದೇ ಒಂದು ಯುದ್ಧ.

ಟೂರ್ ಬುಕ್ ಮಾಡುವಾಗಲೇ ಇದನ್ನೆಲ್ಲ ಬರೆಯಿರಿ, ಸಾಧ್ಯವಾದರೆ ಪೂರ್ತಿ ಚಾಯ್ ಟೂರೇ ಕೇಳಿ. ಮಾಮೂಲಿ ಟೂರಿನಲ್ಲಿ "ಸಸ್ಯಾಹಾರಿಗಳಿಗೂ ವ್ಯವಸ್ಥೆ ಇದೆ" ಅಂದರೆ ಎಷ್ಟೋ ಸಲ ಎಲ್ಲರಿಗೂ ಕೊಟ್ಟದ್ದರಲ್ಲಿ ಮಾಂಸ ತೆಗೆದು ಕೊಡುವುದು ಅಂತಲೇ ಅರ್ಥ. ಬೀದಿಯಲ್ಲಿ ಅತ್ತೆಯವರಿಗೆ ಒಗ್ಗುವುದು ಸಿಹಿ. ಅದು ಬೇಕಾದಷ್ಟಿದೆ. ತಾವ್ ಫಾ ಅಂತ, ಬೆಣ್ಣೆಯಂಥ ತೋಫುವನ್ನು ಮಲ್ಲಿಗೆ ಘಮದ ಸಕ್ಕರೆ ಪಾಕದಲ್ಲಿ ತೇಲಿಸಿ ಕೊಡುತ್ತಾರೆ. ಚಳಿಗಾಲದಲ್ಲಾದರೆ ಅಂಟಕ್ಕಿ ಹಿಟ್ಟಿನ ಉಂಡೆಗಳನ್ನು ಬಿಸಿಬಿಸಿ ಶುಂಠಿ ಪಾಕದಲ್ಲಿ ಹಾಕಿ ಕೊಡುತ್ತಾರೆ, ಒಳಗೆ ಎಳ್ಳಿನ ಹೂರಣ. ನಮ್ಮ ಕಡುಬಿಗೆ ದಾಯಾದಿ. ಹೆಸರುಬೇಳೆ, ಕಾಳು, ತೆಂಗಿನ ಹಾಲು ಹಾಕಿದ "ಚೆ" ಥೇಟ್ ಪಾಯಸದ ಮನೆತನ. ತೊ ತಿಕ್ ಬೀದಿಯಲ್ಲಿ ಹಣ್ಣಿನ ಹೋಳುಗಳಿಗೆ ಐಸು, ಮಿಲ್ಕ್‌ಮೇಡ್ ಥರದ ಗಟ್ಟಿ ಹಾಲು ಸುರಿದು ಕೊಡುತ್ತಾರೆ. ಕೆಂಡದಲ್ಲಿ ಸುಟ್ಟ ಜೋಳವೂ ಸಿಗುತ್ತೆ. ನನ್ನ ಗಂಡ ಆ ಸಂಜೆ ನನಗಿಂತ ಜಾಸ್ತಿಯೇ ತಿಂದರು, ಲೆಕ್ಕ ಇಟ್ಟಿದ್ದೇನೆ.

ಪ್ರಶ್ನೆ: ನೀವು ಬರೆದ ಆ ಕುಳ್ಳ ಸ್ಟೂಲಿನ ಮೇಲೆ ಮಂಡಿ ನೋವಿರುವವರು ಕೂರುವುದು ಹೇಗೆ? — ಮೈಸೂರು

ಉತ್ತರ: ಕೂರುವುದು ಹೇಗೋ ಆಗುತ್ತೆ. ಏಳುವುದೇ ಕಷ್ಟ. ಗೈಡ್‌ಗೆ ಮೊದಲೇ ಹೇಳಿದರೆ ಸರಿಯಾದ ಕುರ್ಚಿ ಮೇಜು ಇರುವ ಅಂಗಡಿಗಳನ್ನೇ ಆರಿಸುತ್ತಾರೆ. ಇಲ್ಲದಿದ್ದರೆ ಎರಡು ಸ್ಟೂಲು ಒಂದರೊಳಗೊಂದು ಸೇರಿಸಿ ಕೊಡಲು ಕೇಳಿ, ನಾಲ್ಕು ಬೆರಳು ಎತ್ತರ ಆಗುತ್ತೆ. ನಾನೂ ಅದನ್ನೇ ಮಾಡಿದ್ದು.

ನಡೆಯುವುದು ಕಷ್ಟ ಅಂದರೆ ಸೈಕಲ್ ರಿಕ್ಷಾದಲ್ಲಿ ಅಥವಾ ಸ್ಕೂಟರ್ ಹಿಂದೆ ಕೂರಿಸಿಕೊಂಡು ಸುತ್ತಿಸುವ ಟೂರ್‌ಗಳೂ ಇವೆ. ಸ್ಕೂಟರಿನವರು ಹೆಲ್ಮೆಟ್ ಕೊಡುತ್ತಾರೆ, ಹಾಕಿಕೊಳ್ಳಿ. ಹಾಗೆ ಹೋಗುವ ಮುಂಚೆ ನಿಮ್ಮ ಟ್ರಾವೆಲ್ ಇನ್ಶೂರೆನ್ಸ್‌ನಲ್ಲಿ ಬೈಕ್ ಹಿಂದೆ ಕೂತಾಗ ಆದ ಅಪಘಾತಕ್ಕೆ ದುಡ್ಡು ಬರುತ್ತಾ ಅಂತ ನೋಡಿಕೊಳ್ಳುವುದು ಒಳ್ಳೆಯದು.

ರಸ್ತೆ ದಾಟುವುದೂ ಒಂದು ವಿದ್ಯೆ. ಸ್ಕೂಟರ್‌ಗಳು ನಿಲ್ಲುವುದೇ ಇಲ್ಲ. ನೀವು ನಿಧಾನಕ್ಕೆ, ಒಂದೇ ವೇಗದಲ್ಲಿ ನಡೆಯುತ್ತಾ ಹೋದರೆ ಅವು ನಿಮ್ಮನ್ನು ಬಳಸಿಕೊಂಡು ಹೋಗುತ್ತವೆ. ನಡುವೆ ಗಾಬರಿಯಾಗಿ ಓಡಬಾರದು, ಹಿಂದಕ್ಕೆ ಸರಿಯಲೂಬಾರದು. ಮೈಸೂರಿನವರಿಗೆ ಇದು ಸ್ವಲ್ಪ ಕಷ್ಟ. ಬೆಂಗಳೂರಿನವರಿಗೆ ರೂಢಿ ಇರುತ್ತೆ.

ಪ್ರಶ್ನೆ: ಕಾಫಿ ಬೆಳೆಗಾರ ನಾನು. ಅಲ್ಲಿ ಕಾಫಿಗೆ ಮೊಟ್ಟೆ ಹಾಕುತ್ತಾರಂತೆ. ಇದು ಕಾಫಿಗೆ ಮಾಡುವ ಅವಮಾನ ಅಲ್ವಾ? — ಚಿಕ್ಕಮಗಳೂರು

ಉತ್ತರ: ನಿಮ್ಮ ಸಿಟ್ಟು ಅರ್ಥವಾಗುತ್ತೆ. ಆದರೂ ಕಥೆ ಕೇಳಿ. 1946ರ ಸುಮಾರಿಗೆ ಯುದ್ಧದ ಗಲಾಟೆಯಲ್ಲಿ ಹನೋಯ್‌ನಲ್ಲಿ ಹಾಲಿಗೆ ಬರ ಬಂತು. ಅಲ್ಲಿನ ಮೆಟ್ರೊಪೋಲ್ ಹೋಟೆಲಿನಲ್ಲಿ ಕೆಲಸಕ್ಕಿದ್ದ ನುಯೆನ್ ವಾನ್ ಜಾಂಗ್ ಅನ್ನುವವರು ಹಾಲಿನ ಬದಲು ಮೊಟ್ಟೆಯ ಹಳದಿ ಭಂಡಾರವನ್ನು ಸಕ್ಕರೆ ಜೊತೆ ನೊರೆ ಬರುವ ಹಾಗೆ ಬಡಿದು ಕಾಫಿ ಮೇಲೆ ಹಾಕಿದರು. ಅವರ ಹೆಸರಿನ ಅಂಗಡಿಯನ್ನು ಅವರ ಮನೆಯವರು ಇವತ್ತಿಗೂ ನಡೆಸುತ್ತಿದ್ದಾರೆ. ಪುಟ್ಟ ಕಪ್ಪನ್ನು ಬಿಸಿನೀರಿನ ಬಟ್ಟಲಲ್ಲಿ ಇಟ್ಟು ತಂದುಕೊಡುತ್ತಾರೆ, ಆರದಿರಲಿ ಅಂತ. ಮೇಲಿನ ನೊರೆ ಗಟ್ಟಿ, ಸಿಹಿ, ಚಮಚದಲ್ಲಿ ತಿನ್ನುವ ಹಾಗಿರುತ್ತೆ. ಕೆಳಗೆ ಕಪ್ಪು ಕಾಫಿ, ಕಹಿ ಅಂದರೆ ಕಹಿ. ಮೊಟ್ಟೆ ವಾಸನೆ ನನಗಂತೂ ಬರಲಿಲ್ಲ. ಆದರೆ ಭಂಡಾರ ಸರಿಯಾಗಿ ಬೆಂದಿರುವುದಿಲ್ಲ, ಬಸುರಿಯರು, ಹೊಟ್ಟೆ ಸೂಕ್ಷ್ಮ ಇರುವವರು ಬಿಡುವುದು ಒಳ್ಳೆಯದು. ನನ್ನ ಗಂಡ ತೆಂಗಿನ ಹಾಲಿನ ಕಾಫಿ ಕುಡಿದರು, ಅದೂ ಚೆನ್ನಾಗಿತ್ತು.

ನಿಮಗೆ ಗೊತ್ತಿರುವುದೇ, ವಿಯೆಟ್ನಾಂ ಕಾಫಿ ಬೆಳೆಯುವುದರಲ್ಲಿ ಬ್ರೆಜಿಲ್ ಬಿಟ್ಟರೆ ಎರಡನೆಯದು, ಬೆಳೆಯುವುದು ಬಹುತೇಕ ರೋಬಸ್ಟಾ. ಅದಕ್ಕೇ ಅಷ್ಟು ಕಹಿ, ಅಷ್ಟು ಕಿಕ್. ಸಂಜೆ ಏಳರ ಮೇಲೆ ಕುಡಿದರೆ ನಿದ್ದೆಯ ಆಸೆ ಬಿಡಿ. ನೀವು ಮೊಟ್ಟೆ ಕಾಫಿ ಬಿಟ್ಟರೂ ಪರವಾಗಿಲ್ಲ, "ನಾವ್ ದಾ" ಮಾತ್ರ ಕುಡಿಯಿರಿ. ಗಟ್ಟಿ ಹಾಲು, ಐಸು ಹಾಕಿದ ಕಾಫಿಗೆ ಹನೋಯ್‌ನವರ ಹೆಸರು ಅದು. ಫಿನ್ ಅನ್ನುವ ತಗಡಿನ ಪುಟ್ಟ ಫಿಲ್ಟರನ್ನು ಲೋಟದ ಮೇಲೇ ಕೂರಿಸುತ್ತಾರೆ, ತೊಟ್ಟು ತೊಟ್ಟಾಗಿ ಇಳಿಯುವುದನ್ನು ನೋಡುತ್ತಾ ಕೂರಬೇಕು. ನಮ್ಮ ಫಿಲ್ಟರಿನಲ್ಲಿ ರಾತ್ರಿ ಹಾಕಿಟ್ಟು ಬೆಳಗ್ಗೆ ಡಿಕಾಕ್ಷನ್ ಇಳಿದಿರುತ್ತಲ್ಲ, ಅವರು ಅದನ್ನೇ ಗಿರಾಕಿ ಮುಂದೆ ಮಾಡುತ್ತಾರೆ. ಚಿಕೋರಿ ಇಲ್ಲ. ನಾನು ಬರುವಾಗ ಎರಡು ಫಿನ್ ತಂದೆ, ನಿಮ್ಮೂರಿನ ಪುಡಿ ಹಾಕಿ ನೋಡಿದೆ. ಸ್ವಲ್ಪ ತರಿಯಾಗಿ ಬೀಸಿಸಬೇಕು, ನಮ್ಮ ನುಣ್ಣನೆ ಪುಡಿ ಕೆಳಗಿಳಿದುಬಿಡುತ್ತೆ.

ಪ್ರಶ್ನೆ: ಹೊಟ್ಟೆ ಕೆಟ್ಟರೆ ಏನು ಗತಿ? ಐಸ್ ಹಾಕಿದ್ದನ್ನು ಕುಡಿಯಬಹುದಾ? — ತುಮಕೂರು

ಉತ್ತರ: ನಲ್ಲಿ ನೀರು ಕುಡಿಯಬೇಡಿ. ಐಸ್‌ನಲ್ಲಿ ಎರಡು ಥರ ನೋಡಿದೆ. ನಡುವೆ ತೂತಿರುವ ಕೊಳವೆಯಂಥ ತುಂಡುಗಳು ಫ್ಯಾಕ್ಟರಿಯಲ್ಲಿ ಶುದ್ಧ ಮಾಡಿದ ನೀರಿನಿಂದ ಮಾಡಿದವು, ಅವು ಸಾಮಾನ್ಯವಾಗಿ ಪರವಾಗಿಲ್ಲ. ದೊಡ್ಡ ಗಡ್ಡೆ ಒಡೆದು ಹಾಕಿದ್ದಾದರೆ ನಾನು ಬಿಡುತ್ತೇನೆ. ಬೀದಿಯಲ್ಲಿ ಕಣ್ಣೆದುರೇ ಬಿಸಿಬಿಸಿ ಮಾಡಿದ್ದು, ಜನ ಜಾಸ್ತಿ ಇರುವ ಕಡೆಯದ್ದು ತಿನ್ನಿ. ಗಿರಾಕಿಯಿಲ್ಲದ ಅಂಗಡಿಯಲ್ಲಿ ಮಾಡಿಟ್ಟದ್ದು ಹಾಗೇ ಕೂತಿರುತ್ತೆ. ಯೋಚನೆ ಮಾಡಬೇಕಾದದ್ದು ಹಸಿ ಸೊಪ್ಪಿನ ಬಗ್ಗೆ. ಎಲ್ಲದರ ಜೊತೆಗೂ ಒಂದು ಬುಟ್ಟಿ ಪುದೀನ, ಕೊತ್ತಂಬರಿ, ತುಳಸಿ ಜಾತಿಯ ಎಲೆ, ಲೆಟ್ಯೂಸ್ ಇಡುತ್ತಾರೆ. ಯಾವ ನೀರಲ್ಲಿ ತೊಳೆದರೋ ಯಾರಿಗೆ ಗೊತ್ತು. ನಾನು ತಿಂದೆ, ಏನೂ ಆಗಲಿಲ್ಲ. ನಮ್ಮ ಗುಂಪಿನ ಒಬ್ಬರಿಗೆ ಮಾರನೇ ದಿನ ಆಯ್ತು. ಓಆರ್‌ಎಸ್‌ನ ನಾಲ್ಕು ಪೊಟ್ಟಣ ಬ್ಯಾಗಿನಲ್ಲಿರಲಿ. ಜ್ವರ ಬಂದರೆ, ರಕ್ತ ಕಂಡರೆ, ಮನೆಮದ್ದು ಅಂತ ಕೂರದೆ ಡಾಕ್ಟರ ಹತ್ತಿರ ಹೋಗಿ.

ಪ್ರಶ್ನೆ: ನನ್ನ ಮಗನಿಗೆ ಕಡಲೆಕಾಯಿ ಅಲರ್ಜಿ. 9 ವರ್ಷ. ಕರೆದುಕೊಂಡು ಹೋಗಬಹುದಾ? — ಹುಬ್ಬಳ್ಳಿ

ಉತ್ತರ: ಇದಕ್ಕೆ ತಮಾಷೆ ಮಾಡುವುದಿಲ್ಲ. ಹನೋಯ್‌ನಲ್ಲಿ ಹುರಿದು ಕುಟ್ಟಿದ ಕಡಲೆಕಾಯಿ ಬೀಜವನ್ನು ಸಲಾಡಿಗೆ, ನೂಡಲ್ಸಿಗೆ, ಸಿಹಿಗೆ, ಕೆಲವು ಕಡೆ ಅದ್ದಿಕೊಳ್ಳುವ ರಸಕ್ಕೂ ಉದುರಿಸುತ್ತಾರೆ. ಒಂದೇ ಸೌಟು, ಒಂದೇ ಬಾಣಲೆ, ಒಂದೇ ಕೈ. ಅಲರ್ಜಿ ಜೋರಿನದ್ದಾಗಿದ್ದರೆ ಬೀದಿ ತಿಂಡಿ ಟೂರ್ ಬೇಡ ಅಂತಲೇ ನನ್ನ ಮಾತು. ಹುಡುಗನಿಗೆ ಬೇಜಾರಾದರೂ ಸರಿ. ಜೋರಿಲ್ಲ, ಡಾಕ್ಟರು ಹೋಗಬಹುದು ಅಂದಿದ್ದಾರೆ ಅಂದರೂ ಔಷಧಿ ನಿಮ್ಮ ಕೈಯಲ್ಲೇ ಇರಲಿ, ಹೋಟೆಲ್ ರೂಮಿನಲ್ಲಲ್ಲ. ವಿಯೆಟ್ನಾಮೀಸ್‌ನಲ್ಲಿ ಚೀಟಿ ಬರೆಸುವಾಗ ಒಂದು ವಿಷಯ ನೆನಪಿಡಿ. ಕಡಲೆಕಾಯಿಗೆ ಉತ್ತರದ ಹನೋಯ್‌ನಲ್ಲಿ "ಲಾಕ್" ಅನ್ನುತ್ತಾರೆ, ದಕ್ಷಿಣದ ಹೋ ಚಿ ಮಿನ್ ಸಿಟಿಯಲ್ಲಿ "ದಾವ್ ಫೊಂಗ್" ಅನ್ನುತ್ತಾರೆ. ಎರಡೂ ಕಡೆ ಹೋಗುವುದಿದ್ದರೆ ಎರಡೂ ಪದ ಬರೆಸಿ.

ಪ್ರಶ್ನೆ: ಹಲಾಲ್ ಸಿಗುತ್ತಾ? — ಭಟ್ಕಳ

ಉತ್ತರ: ಬೀದಿಯಲ್ಲಿ ಕಷ್ಟ. ಹಂದಿ ಮಾಂಸ, ಅದರ ಕೊಬ್ಬು ಎಲ್ಲಾ ಕಡೆ ಇದೆ. ಹಲಾಲ್ ಹೋಟೆಲುಗಳು ಇವೆ, ಆದರೆ ಕಡಿಮೆ. ಟೂರ್ ಬೇಕೇ ಬೇಕು ಅಂದರೆ ಪೂರ್ತಿ ಚಾಯ್ ಟೂರ್ ತೆಗೆದುಕೊಳ್ಳಿ. ಹಳೇ ಪೇಟೆಯಲ್ಲೇ ಹಾಂಗ್ ಲುವೋಕ್ ಬೀದಿಯಲ್ಲಿ ಅಲ್ ನೂರ್ ಮಸೀದಿ ಇದೆ. 19ನೇ ಶತಮಾನದ ಕೊನೆಗೆ ನಮ್ಮ ದೇಶದಿಂದ ಹೋಗಿದ್ದ ವ್ಯಾಪಾರಿಗಳು ದುಡ್ಡು ಹಾಕಿ ಕಟ್ಟಿಸಿದ್ದು. ಬಿಳಿ ಬಣ್ಣದ ಪುಟ್ಟ ಕಟ್ಟಡ. ಹಲಾಲ್ ಊಟ ಎಲ್ಲಿ ಅಂತ ಅಲ್ಲಿ ಕೇಳಿದರೆ ಹೇಳುತ್ತಾರೆ.

ಪ್ರಶ್ನೆ: ದುಡ್ಡಿನ ವಿಷಯದಲ್ಲಿ ಮೋಸ ಮಾಡ್ತಾರಾ? ಲಕ್ಷಗಟ್ಟಲೆ ಲೆಕ್ಕ ಕೇಳಿದರೆ ತಲೆ ತಿರುಗುತ್ತೆ. — ಕಲಬುರಗಿ

ಉತ್ತರ: ಮೋಸ ಎಲ್ಲಿಲ್ಲ ಹೇಳಿ. ಆದರೆ ಅಲ್ಲಿ ನಮಗೆ ನಾವೇ ಮಾಡಿಕೊಳ್ಳುವ ಮೋಸ ಜಾಸ್ತಿ. ಲೆಕ್ಕ ಸುಲಭ ಮಾಡಿಕೊಳ್ಳಿ: ಬೆಲೆಯಲ್ಲಿ ಮೂರು ಸೊನ್ನೆ ಕಿತ್ತುಹಾಕಿ, ಉಳಿದದ್ದನ್ನು ಮೂರರಿಂದ ಗುಣಿಸಿ, ಮೇಲೆ ಒಂಚೂರು ಸೇರಿಸಿ. 50,000 ಡಾಂಗ್ ಅಂದರೆ ನೂರಾ ಅರವತ್ತು, ನೂರಾ ಎಪ್ಪತ್ತು ರೂಪಾಯಿಯ ಆಸುಪಾಸು. ಟ್ಯಾಕ್ಸಿಗೆ ಆ್ಯಪ್ ಬಳಸಿ, ತಿನ್ನುವ ಮುಂಚೆ ಬೆಲೆ ಕೇಳಿ, ಅಷ್ಟೇ.

ಅಪಾಯ ಇರುವುದು ನೀಲಿ ನೋಟಿನಲ್ಲಿ. 20,000ದ ನೋಟೂ ನೀಲಿ, 5,00,000ದ ನೋಟೂ ನೀಲಿ. ಎರಡರಲ್ಲೂ ಹೋ ಚಿ ಮಿನ್ ಅವರದ್ದೇ ಮುಖ. ಬೀದಿ ದೀಪದ ಬೆಳಕಲ್ಲಿ ಯಾವುದು ಯಾವುದು ಅಂತ ತಿಳಿಯುವುದಿಲ್ಲ. ರಾತ್ರಿ ಫುಟ್‌ಪಾತಿನಲ್ಲಿ ಐಸ್ ಚಹಾ ಮಾರುತ್ತಿದ್ದ ಅಜ್ಜಿಗೆ ನಾನು ಎರಡು ಲೋಟಕ್ಕೆ ಅಂತ ಒಂದು ನೀಲಿ ನೋಟು ಕೊಟ್ಟು ಚಿಲ್ಲರೆಗೆ ಕೈಚಾಚಿ ನಿಂತೆ. ಅಜ್ಜಿ ನೋಟನ್ನು ನೋಡಿದರು. ನನ್ನನ್ನು ನೋಡಿದರು. ನೋಟನ್ನು ನನ್ನ ಮೂಗಿನ ಹತ್ತಿರ ತಂದು, ಉಗುರಿನಿಂದ ಸೊನ್ನೆಗಳನ್ನು ಒಂದೊಂದಾಗಿ ಎಣಿಸಿ ತೋರಿಸಿ, ಪಕ್ಕದಲ್ಲಿ ಕೂತಿದ್ದ ಮುದುಕರಿಗೆ ಏನೋ ಹೇಳಿ ಹೊಟ್ಟೆ ಹಿಡಿದುಕೊಂಡು ನಕ್ಕರು. ಸಾವಿರದ ಆರುನೂರು ರೂಪಾಯಿಯ ಮೇಲಿನ ನೋಟು ಅದು. ಎಲ್ಲರೂ ಆ ಅಜ್ಜಿಯ ಹಾಗೆ ಇರುವುದಿಲ್ಲ, ದೊಡ್ಡ ನೋಟುಗಳನ್ನು ಬೇರೆ ಜೇಬಿನಲ್ಲಿಡಿ.

ಪ್ರಶ್ನೆ: ನಾಯಿ ಮಾಂಸ ಗೊತ್ತಿಲ್ಲದೆ ತಿನ್ನಿಸಿಬಿಟ್ಟರೆ? — ಕೋಲಾರ

ಉತ್ತರ: ತಿನ್ನಿಸುವುದಿಲ್ಲ. ಅದನ್ನು ಮಾರುವ ಅಂಗಡಿಗಳು ಬೇರೆಯೇ, ಹೊರಗೆ ಬೋರ್ಡ್ ಇರುತ್ತೆ, ಟೂರಿನವರು ಆ ಕಡೆ ಕರೆದುಕೊಂಡು ಹೋಗುವುದಿಲ್ಲ. ಅದನ್ನು ತಿನ್ನುವುದು ಬಿಡಿ ಅಂತ 2018ರಲ್ಲಿ ಹನೋಯ್ ನಗರದ ಆಡಳಿತವೇ ಜನರಿಗೆ ಹೇಳಿತ್ತು. ಅಷ್ಟು ದೂರ ಹೋಗಿ ಇದನ್ನೇ ಯೋಚಿಸುತ್ತಾ ಕೂತರೆ ಊಟ ರುಚಿಸುತ್ತಾ?

ಪ್ರಶ್ನೆ: ಹೋಗುವುದಕ್ಕೆ ಒಳ್ಳೇ ತಿಂಗಳು ಯಾವುದು? — ವಿಜಯಪುರ

ಉತ್ತರ: ಅಕ್ಟೋಬರ್, ನವೆಂಬರ್. ಜೂನ್‌ನಿಂದ ಆಗಸ್ಟ್‌ವರೆಗೆ ಸೆಕೆ, ಮಳೆ ಎರಡೂ. ಡಿಸೆಂಬರ್, ಜನವರಿಯಲ್ಲಿ ಚಳಿ, ಸ್ವೆಟರ್ ಬೇಕು. ಅವರ ಹೊಸ ವರ್ಷ ತೆತ್ ಜನವರಿ ಕೊನೆಗೋ ಫೆಬ್ರವರಿಗೋ ಬರುತ್ತೆ, ಆಗ ಅಂಗಡಿಯವರೆಲ್ಲ ಊರಿಗೆ ಹೋಗಿಬಿಡುತ್ತಾರೆ, ಕೆಲವು ದಿನ ಬೀದಿಯೇ ಖಾಲಿ. ಆ ವಾರ ಬಿಟ್ಟು ಹೋಗಿ. ವೀಸಾ ಆನ್‌ಲೈನ್‌ನಲ್ಲೇ ಸಿಗುತ್ತೆ, ಒಂದು ಸಲ ಹೋಗಿಬರುವುದಕ್ಕೆ 25 ಡಾಲರ್, 90 ದಿನದವರೆಗೆ ಇರಬಹುದು. ಸರ್ಕಾರದ ಜಾಲತಾಣದಲ್ಲೇ ಹಾಕಿ, ನಡುವಿನ ಏಜೆಂಟರು ಸುಮ್ನೆ ಜಾಸ್ತಿ ಕೀಳುತ್ತಾರೆ. ಇನ್ನೊಂದು, ಅಲ್ಲಿನವರು ಆರು ಏಳಕ್ಕೆಲ್ಲ ಊಟಕ್ಕೆ ಕೂರುತ್ತಾರೆ. ನಮ್ಮ ಹಾಗೆ ಧಾರಾವಾಹಿ ಮುಗಿಸಿ ಒಂಬತ್ತೂವರೆಗೆ ಹೊರಟರೆ ಎಷ್ಟೋ ಕಡೆ ಪಾತ್ರೆ ತೊಳೆಯುತ್ತಿರುತ್ತಾರೆ.

ಪ್ರಶ್ನೆ: ಅಷ್ಟೆಲ್ಲ ತಿಂದಿರಲ್ಲ, ಮತ್ತೆ ಹೋದರೆ ಮೊದಲು ಏನು ತಿನ್ನುತ್ತೀರಿ? — ಶಿರಸಿ

ಉತ್ತರ: ಎರಡು. ಒಂದು ಬಾನ್ ಕುವೋನ್. ಅಗಲ ಪಾತ್ರೆಯ ಬಾಯಿಗೆ ಬಿಗಿಯಾಗಿ ಬಟ್ಟೆ ಕಟ್ಟಿರುತ್ತಾರೆ, ಒಳಗೆ ನೀರು ಕುದಿಯುತ್ತಿರುತ್ತೆ. ನೀರು ದೋಸೆಯಷ್ಟೇ ತೆಳ್ಳಗಿನ ಅಕ್ಕಿ ಹಿಟ್ಟನ್ನು ಒಂದು ಸೌಟು ಆ ಬಟ್ಟೆಯ ಮೇಲೆ ಸುರಿದು, ಸೌಟಿನ ಹಿಂಭಾಗದಿಂದ ದುಂಡಗೆ ಸವರಿ ಮುಚ್ಚಳ ಮುಚ್ಚುತ್ತಾರೆ. ನಾನು ಎಣಿಸಿದೆ, ಮೂವತ್ತು ಎಣಿಸುವುದರೊಳಗೆ ತೆಗೆದರು. ಉದ್ದನೆಯ ಚಪ್ಪಟೆ ಬಿದಿರು ಕಡ್ಡಿಯನ್ನು ಕೆಳಗೆ ತೂರಿಸಿ ಎತ್ತಿದರೆ ಒದ್ದೆ ಮಲ್ಲು ಬಟ್ಟೆ ಜೋತುಬಿದ್ದ ಹಾಗೆ ಬರುತ್ತೆ, ಆಚೆಗಿನ ಬೆಳಕು ಕಾಣುತ್ತೆ. ಅದನ್ನು ಎಣ್ಣೆ ಸವರಿದ ತಟ್ಟೆಗೆ ಹಾಸಿ, ಒಳಗೆ ಮಾಂಸ, ಅಣಬೆ ಇಟ್ಟು ಸುತ್ತುತ್ತಾರೆ. ಒಳಗೆ ಏನೂ ಇಡದೆ ಬರೀ ಸುರುಳಿಯನ್ನೂ ಕೊಡುತ್ತಾರೆ, ಅದ್ದಿಕೊಳ್ಳುವ ರಸ ಬಿಟ್ಟು ಸೋಯಾ ಸಾಸ್ ಹಾಕಿಸಿಕೊಂಡು ನನ್ನ ಗಂಡ ತಿಂದದ್ದು ಹಾಗೆ. ಕರಾವಳಿಯವರಿಗೆ ಇದು ವಿದೇಶ ಅನ್ನಿಸುವುದೇ ಇಲ್ಲ. ಅವರ ಬುನ್ ಕೂಡ ಹಾಗೇ, ನಮ್ಮ ಒತ್ತು ಶಾವಿಗೆ. ನಾವು ಬೇಯಿಸಿಕೊಂಡು ಒತ್ತುತ್ತೇವೆ, ಅವರು ಕುದಿಯುವ ನೀರಿಗೇ ಒತ್ತುತ್ತಾರೆ.

ಎರಡನೆಯದು ಚಾ ಕಾ. ಹೌದು, ಇನ್ನೊಂದು ಚಾ. ಮೀನಿನ ಹೋಳುಗಳಿಗೆ ಅರಿಶಿನ ಹಚ್ಚಿ ಸುಟ್ಟು, ಮೇಜಿನ ಮೇಲೇ ಒಲೆ ಇಟ್ಟು, ಬಾಣಲೆಯಲ್ಲಿ ಎಣ್ಣೆ ಚುರುಗುಟ್ಟುವಾಗ ಹಿಡಿ ಹಿಡಿ ಸೊಪ್ಪು ಹಾಕಿ ಬಾಡಿಸಿಕೊಡುತ್ತಾರೆ. ಈ ತಿಂಡಿಯಿಂದಾಗಿ ಒಂದು ಬೀದಿಗೇ ಚಾ ಕಾ ಅಂತ ಹೆಸರು ಬಂದಿದೆ, ಮುಂಚೆ ಅದು ಬಣ್ಣ ಮಾರುವವರ ಬೀದಿ. ಘಮ ಬಂದ ಕೂಡಲೇ ಇದು ಎಲ್ಲೋ ಗೊತ್ತಿರುವ ಸೊಪ್ಪಲ್ವಾ ಅಂತ ಒಂದು ಎಳೆ ಕಿತ್ತು ಉಜ್ಜಿ ನೋಡಿದೆ. ಸಬ್ಬಸಿಗೆ! ಹನೋಯ್ ಮಧ್ಯದಲ್ಲಿ ಕೂತು, ಅರಿಶಿನ ಮೀನಿನ ಜೊತೆ, ಸಬ್ಬಸಿಗೆ. ಇದು ಇಷ್ಟು ವರ್ಷ ನಮಗೆ ಯಾಕೆ ಹೊಳೆಯಲಿಲ್ಲ ಅಂತ ಈಗಲೂ ಆಶ್ಚರ್ಯ.

ಊರಿಗೆ ಬಂದ ಮೇಲೆ ಮೊದಲ ಭಾನುವಾರ ಅಂಜಲ್ ತಂದು, ಅರಿಶಿನ, ಶುಂಠಿ, ಸ್ವಲ್ಪ ಹುಳಿ ಮೊಸರು ಹಚ್ಚಿ, ನಾಲ್ಕು ಕಟ್ಟು ಸಬ್ಬಸಿಗೆ ತೊಳೆದು ಇಟ್ಟುಕೊಂಡು ಒಲೆ ಹಚ್ಚಿದೆ. ಇವರು ಅಡುಗೆಮನೆ ಬಾಗಿಲ ಹೊರಗೇ ನಿಂತು ಇಣುಕಿ, "ಎರಡು ಕಟ್ಟು ತೆಗೆದು ಫ್ರಿಜ್ಜಿನಲ್ಲಿಡು, ನಾಳೆ ಅಕ್ಕಿರೊಟ್ಟಿಗೆ ಬೇಕು" ಅಂದರು.